630ರಿಂದ ಯೂಟ್ಯೂಬ್‌ಗೆ, ಮತ್ತೆ 630ಕ್ಕೆ: ಫಿಲಿಪ್ಪೀನ್ಸ್‌ನ ಒಂದು ರೇಡಿಯೊ ಜಾಲದ ಪ್ರಕರಣ ಅಧ್ಯಯನ

ರೇಡಿಯೊ ಸ್ಟೇಷನ್ ಒಂದು ಆನ್‌ಲೈನ್‌ಗೆ ಹೋಯಿತು ಅಂದರೆ ನಮಗೆಲ್ಲ ಅದು ಒಂದು ಹೆಜ್ಜೆ ಮುಂದೆ ಹೋದಂತೆಯೇ ಅನ್ನಿಸುತ್ತದೆ. ಫಿಲಿಪ್ಪೀನ್ಸ್‌ನ ಎಬಿಎಸ್-ಸಿಬಿಎನ್ ಎಂಬ ಟಿವಿ, ರೇಡಿಯೊ ಸಂಸ್ಥೆಯ ರೇಡಿಯೊ ಜಾಲಕ್ಕೆ 2020ರಿಂದ ಈಚೆಗೆ ಏನೇನಾಯಿತು ಎಂದು ಸಾಲಾಗಿ ಇಟ್ಟು ನೋಡಿದರೆ ಆ ಮಾತು ಅಷ್ಟು ಸುಲಭವಾಗಿ ಒಪ್ಪುವಂಥದ್ದಲ್ಲ. 2020ರ ಮೇ ತಿಂಗಳಲ್ಲಿ ಒಂದು ಸರ್ಕಾರಿ ಆದೇಶ ಈ ಜಾಲದ ಪ್ರಸಾರವನ್ನು ಬಂದ್ ಮಾಡಿಸಿತು. ಮೂರೇ ದಿನದಲ್ಲಿ ಅದರ ಸುದ್ದಿ ವಿಭಾಗ ಕೇಬಲ್, ಫೇಸ್‌ಬುಕ್, ಯೂಟ್ಯೂಬ್‌ಗಳ ಮೂಲಕ ಮತ್ತೆ ಮಾತು ಶುರುಮಾಡಿತು. ಮೂರು ವರ್ಷ ಹಾಗೇ ನಡೆಯಿತು. ಆಮೇಲೆ ಅದೇ ಹಳೆಯ 630 ಎಎಂ ತರಂಗಾಂತರಕ್ಕೆ, ಬೇರೆಯವರ ಪರವಾನಗಿ ಹಿಡಿದು, ವಾಪಸ್ ಬಂತು.

ಇಂಟರ್ನೆಟ್‌ನಲ್ಲಿ ನೆಲೆ ಸಿಕ್ಕಿದ ಮೇಲೂ ಯಾಕೆ ವಾಪಸ್ ಬರಬೇಕಾಯಿತು? ನನಗೆ ಕಾಣುವ ಉತ್ತರ ಇದು. ಇಂಟರ್ನೆಟ್ ಕಾರ್ಯಕ್ರಮಗಳನ್ನು ಉಳಿಸಿತು. ಆದರೆ ಯಾರಿಗೆ ರೇಡಿಯೊ ಎಲ್ಲರಿಗಿಂತ ಜಾಸ್ತಿ ಬೇಕಾಗಿತ್ತೋ ಅವರಿಗೇ ಅದು ತಲುಪಲಿಲ್ಲ.

ಬಂದ್ ಆಗುವ ಮುಂಚೆ

ಜಾಲದಲ್ಲಿ ಎರಡು ಬಗೆಯ ರೇಡಿಯೊ ಇತ್ತು. ಒಂದು ಎಎಂ ಸುದ್ದಿ ರೇಡಿಯೊ. ಇದರ ತಾಯಿಬೇರು ಮನಿಲಾದ ಡಿಝಡ್‌ಎಂಎಂ, 630 ಕಿಲೋಹರ್ಟ್ಜ್. ಇನ್ನೊಂದು ಎಂಒಆರ್ ಹೆಸರಿನ ಎಫ್‌ಎಂ ಸರಣಿ. ಮನಿಲಾದಲ್ಲಿ 101.9, ಉಳಿದಂತೆ ಸೆಬು, ದಾವಾವೊ, ಇಲೊಯ್ಲೊ, ಝಾಂಬೊವಾಂಗಾ, ನಾಗಾ, ಬಾಗಿಯೊ ಹೀಗೆ ಪ್ರಾಂತ್ಯದ ಊರುಗಳಲ್ಲಿ ಅದರ ಸ್ಟೇಷನ್‌ಗಳಿದ್ದವು. 2020ರ ಆದೇಶದ ಪಟ್ಟಿಯಲ್ಲಿ 5 ಎಎಂ, 18 ಎಫ್‌ಎಂ ಸ್ಟೇಷನ್‌ಗಳು ಇದ್ದವು. 42 ಟಿವಿ ಸ್ಟೇಷನ್‌ಗಳು ಬೇರೆ.

ನಮ್ಮಲ್ಲಿ ಖಾಸಗಿ ಎಫ್‌ಎಂನವರು ತಮ್ಮದೇ ಸುದ್ದಿ ಓದುವಂತಿಲ್ಲ, ಆಕಾಶವಾಣಿಯ ವಾರ್ತೆಯನ್ನು ಹಾಗೇ ಹಾಕಬಹುದು ಅಷ್ಟೆ. ಹಾಗಾಗಿ ಬೆಂಗಳೂರಿನ ಎಫ್‌ಎಂ ಕೇಳಿ ಬೆಳೆದವರಿಗೆ ಮನಿಲಾದ ಎಎಂ ಪಟ್ಟಿ ಬೇರೆಯದೇ ಲೋಕ. ಅಲ್ಲಿ ಖಾಸಗಿ ರೇಡಿಯೊ ಎಂದರೆ ಬೆಳಗಿನಿಂದ ರಾತ್ರಿವರೆಗೆ ಸುದ್ದಿ, ವಾದ, ಜಗಳ, ಜನರ ಅಹವಾಲು. ಯಾರದೋ ಪಿಂಚಣಿ ನಿಂತಿದೆ, ಯಾರದೋ ಮಗ ವಿದೇಶದಲ್ಲಿ ಸಿಕ್ಕಿಹಾಕಿಕೊಂಡಿದ್ದಾನೆ ಎಂದರೆ ನಿರೂಪಕರೇ ಸಂಬಂಧಪಟ್ಟ ಅಧಿಕಾರಿಗೆ ಫೋನ್ ಹಚ್ಚುತ್ತಾರೆ, ಎಲ್ಲರೂ ಕೇಳುತ್ತಿರುವಾಗಲೇ. ಡಿಝಡ್‌ಎಂಎಂ ಈ ಕೆಲಸಕ್ಕೇ ಹೆಸರಾಗಿತ್ತು.

ಅದರ ವರದಿಗಾರರ ಪದ್ಧತಿಯೊಂದನ್ನು ಹತ್ತಿರದಿಂದ ನೋಡಬೇಕು. ಅವರನ್ನು ರೇಡಿಯೊ ಪಟ್ರೋಲ್ ಎನ್ನುತ್ತಾರೆ. ಪ್ರತಿಯೊಬ್ಬರಿಗೂ ಒಂದು ನಂಬರ್ ಇರುತ್ತದೆ. ವರದಿ ಮುಗಿಸುವಾಗ ತಮ್ಮ ಹೆಸರಿನ ಜೊತೆ ಆ ನಂಬರ್ ಹೇಳಿ ಮುಗಿಸುತ್ತಾರೆ. ವರ್ಷಗಟ್ಟಲೆ ಕೇಳಿದವರಿಗೆ ಮುಖ ಗೊತ್ತಿರಲ್ಲ, ನಂಬರ್ ಗೊತ್ತಿರುತ್ತದೆ. ಈ ಕ್ರಮ ಶುರುವಾದದ್ದು 1960ರ ದಶಕದಲ್ಲಿ, ಈ ಸಂಸ್ಥೆಯ ಹಿಂದಿನ ಸ್ಟೇಷನ್ ಆಗಿದ್ದ ಡಿಝಡ್‌ಎಕ್ಯೂನಲ್ಲಿ.

1972ರ ಸೆಪ್ಟೆಂಬರ್‌ನಲ್ಲಿ ಆಗಿನ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಸೇನಾಡಳಿತ ಹೇರಿದಾಗ ಎಬಿಎಸ್-ಸಿಬಿಎನ್ ಪೂರ್ತಿ ಮುಚ್ಚಿಹೋಯಿತು. ಅಂದರೆ 2020ರದ್ದು ಎರಡನೇ ಸಲ. ನಡುವೆ 1986 ಬಂತು. ಆ ಫೆಬ್ರವರಿಯಲ್ಲಿ ಕ್ಯಾಥೊಲಿಕ್ ಧರ್ಮಗುರು ಕಾರ್ಡಿನಲ್ ಹೈಮೆ ಸಿನ್ ಮಾರ್ಕೋಸ್ ವಿರುದ್ಧ ಜನರನ್ನು ಬೀದಿಗೆ ಕರೆದದ್ದು ಚರ್ಚಿನ ರೇಡಿಯೊ ವೆರಿಟಾಸ್ ಮೂಲಕ. ಮಾರ್ಕೋಸ್ ಕಡೆಯವರು ಅದರ ಟ್ರಾನ್ಸ್‌ಮಿಟರ್ ಒಡೆದು ಹಾಕಿದರು. ಜೂನ್ ಕೀತ್ಲಿ ಎಂಬ ನಿರೂಪಕಿ ಬೇರೊಂದು ಸ್ಟೇಷನ್‌ಗೆ ಹೋಗಿ, ಅದಕ್ಕೆ ರೇಡಿಯೊ ಬಂಡಿಡೊ ಎಂದು ಹೆಸರಿಟ್ಟು, ಮಾತು ನಿಲ್ಲದಂತೆ ನೋಡಿಕೊಂಡರು. ಸರ್ವಾಧಿಕಾರಿ ದೇಶ ಬಿಟ್ಟು ಓಡಿದ. ಅದೇ ವರ್ಷ ಜುಲೈ 22ಕ್ಕೆ ಡಿಝಡ್‌ಎಂಎಂ ಹುಟ್ಟಿತು. ಫಿಲಿಪ್ಪೀನ್ಸ್ ಜನರಿಗೆ ರೇಡಿಯೊ ಮೇಲೆ ಇರುವ ಪ್ರೀತಿ ಸುಮ್ನೆ ಬಂದದ್ದಲ್ಲ.

ಪರವಾನಗಿ ಎಂಬ ಕೊರಳಹಗ್ಗ

ಆ ದೇಶದಲ್ಲಿ ರೇಡಿಯೊ, ಟಿವಿ ನಡೆಸಲು ಸಂಸತ್ತು ಒಂದು ಕಾನೂನನ್ನೇ ಪಾಸು ಮಾಡಿ ಫ್ರಾಂಚೈಸ್ ಕೊಡಬೇಕು. 1931ರ ರೇಡಿಯೊ ಕಾನೂನಿನಿಂದ ಬಂದ ಕ್ರಮ ಇದು. ಎಬಿಎಸ್-ಸಿಬಿಎನ್‌ಗೆ 1995ರಲ್ಲಿ 25 ವರ್ಷಕ್ಕೆ ಫ್ರಾಂಚೈಸ್ ಸಿಕ್ಕಿತ್ತು. ಅದು 2020ರ ಮೇ 4ಕ್ಕೆ ಮುಗಿಯಿತು.

ಅಧ್ಯಕ್ಷ ರೊಡ್ರಿಗೊ ಡುಟರ್ಟೆ ಈ ಸಂಸ್ಥೆಯ ಮೇಲೆ ಮೊದಲಿಂದಲೂ ಸಿಟ್ಟಾಗಿದ್ದರು. 2016ರ ಚುನಾವಣೆಯಲ್ಲಿ ತನ್ನ ಜಾಹೀರಾತು ಹಾಕಲಿಲ್ಲ ಎಂಬ ದೂರು ಇತ್ತು, ಸುದ್ದಿಯ ಬಗ್ಗೆ ತಕರಾರು ಇತ್ತು. ಫ್ರಾಂಚೈಸ್ ನವೀಕರಣ ಆಗಲು ಬಿಡಲ್ಲ ಎಂದು ಬಹಿರಂಗವಾಗಿಯೇ ಹೇಳಿದ್ದರು. ನವೀಕರಣದ ಮಸೂದೆಗಳು ಕೆಳಮನೆಯಲ್ಲಿ ಕೂತೇ ಇದ್ದವು. ಮೇ 5ರಂದು ದೂರಸಂಪರ್ಕ ಆಯೋಗ ಪ್ರಸಾರ ನಿಲ್ಲಿಸಿ ಎಂದು ಆದೇಶ ಕೊಟ್ಟಿತು. ಅದೇ ಸಂಜೆ ಎಲ್ಲವೂ ಬಂದ್. ಕೊರೊನಾ ಲಾಕ್‌ಡೌನ್‌ನಲ್ಲಿ ಜನ ಮನೆಯೊಳಗೆ ಕೂತು, ಎಲ್ಲಿ ಏನು ತೆರೆದಿದೆ, ಯಾವ ಆಸ್ಪತ್ರೆಯಲ್ಲಿ ಜಾಗ ಇದೆ ಎಂದು ಕಾಯುತ್ತಿದ್ದ ಹೊತ್ತು ಅದು. ಜುಲೈ 10ರಂದು ಕೆಳಮನೆಯ ಸಮಿತಿ 70-11 ಮತಗಳಿಂದ ಹೊಸ ಫ್ರಾಂಚೈಸ್ ಕೊಡಲ್ಲ ಎಂದು ತೀರ್ಮಾನಿಸಿತು.

ಆದರೆ ಈ ಕಾನೂನಿನಲ್ಲಿ ಒಂದು ತೆರೆದ ಬಾಗಿಲಿತ್ತು. ಫ್ರಾಂಚೈಸ್ ಬೇಕಾಗುವುದು ತರಂಗಾಂತರ ಬಳಸಲು. ಇಂಟರ್ನೆಟ್‌ನಲ್ಲಿ ಮಾತಾಡಲು ಸಂಸತ್ತನ್ನು ಕೇಳಬೇಕಾಗಿಲ್ಲ. ಬೇರೆ ಕಂಪನಿ ನಡೆಸುವ ಕೇಬಲ್‌ಗೆ ಕಾರ್ಯಕ್ರಮ ಮಾಡಿಕೊಡಲೂ ಅಡ್ಡಿಯಿಲ್ಲ.

ಮೂರು ದಿನದಲ್ಲಿ ಹೇಗೆ ಸಾಧ್ಯವಾಯಿತು

ಮೇ 8ರಂದೇ ಸುದ್ದಿ ರೇಡಿಯೊ ಮತ್ತೆ ಕೇಳಿಸಿತು. ಹೆಸರು ಬರೀ ಟೆಲಿರೇಡಿಯೊ. ಡಿಝಡ್‌ಎಂಎಂ ಎಂಬ ಕರೆಹೆಸರನ್ನು ಕೈಬಿಟ್ಟಿದ್ದರು.

ಇಷ್ಟು ಬೇಗ ಎದ್ದು ನಿಂತದ್ದಕ್ಕೆ ಕಾರಣ 2007ರಲ್ಲಿದೆ. ಆ ವರ್ಷ ಡಿಝಡ್‌ಎಂಎಂನವರು ಸ್ಟುಡಿಯೊ ಒಳಗೆ ಕ್ಯಾಮೆರಾ ಇಟ್ಟು, ರೇಡಿಯೊದಲ್ಲಿ ಹೋಗುತ್ತಿದ್ದುದನ್ನೇ ಕೇಬಲ್ ಟಿವಿಯಲ್ಲೂ ತೋರಿಸಲು ಶುರುಮಾಡಿದ್ದರು. ತಲೆಗೆ ಹೆಡ್‌ಫೋನ್, ಎದುರಿಗೆ ಮೈಕ್, ಮೇಜಿನ ಮೇಲೆ ಪತ್ರಿಕೆಗಳು. ಟಿವಿಯ ಥಳುಕು ಏನೂ ಇಲ್ಲ. ಇಬ್ಬರು ನಿರೂಪಕರು ಎದುರಾಬದುರು ಕೂತು ಮಾತಾಡುತ್ತಾರೆ, ನೋಡುವವರು ನೋಡಬಹುದು. ಹೀಗಾಗಿ 2020ರ ಹೊತ್ತಿಗೆ ಇವರಿಗೆ ಹದಿಮೂರು ವರ್ಷದ ಅಭ್ಯಾಸ ಇತ್ತು. ಟ್ರಾನ್ಸ್‌ಮಿಟರ್‌ಗೆ ಹೋಗುವ ತಂತಿ ಕಿತ್ತರೂ ಕ್ಯಾಮೆರಾದಿಂದ ಹೊರಡುವ ದಾರಿ ಹಾಗೇ ಉಳಿದಿತ್ತು.

ಎಷ್ಟೋ ರೇಡಿಯೊಗಳು ಆನ್‌ಲೈನ್‌ಗೆ ಹೋಗುವಾಗ ಎಡವುವುದು ಇಲ್ಲೇ. ದನಿಯನ್ನಷ್ಟೇ ಸ್ಟ್ರೀಮ್ ಮಾಡಿದರೆ ಫೇಸ್‌ಬುಕ್‌ನಲ್ಲಿ ಯಾರೂ ನಿಂತು ಕೇಳಲ್ಲ. ಟಿವಿ ಥರ ಮಾಡಲು ಹೋದರೆ ಖರ್ಚು ತಡೆಯಲಾಗಲ್ಲ. ಟೆಲಿರೇಡಿಯೊ ಇವೆರಡರ ನಡುವಿನ ಹದವನ್ನು ಬಿಕ್ಕಟ್ಟು ಬರುವ ಎಷ್ಟೋ ಮೊದಲೇ ಕಂಡುಕೊಂಡಿತ್ತು. ವಿದೇಶದಲ್ಲಿ ದುಡಿಯುವ ಲಕ್ಷಾಂತರ ಫಿಲಿಪಿನೊಗಳಿಗೆ ಇದು ಒಳ್ಳೆಯದೇ ಆಯಿತು. ದುಬೈ, ಹಾಂಗ್‌ಕಾಂಗ್‌ನಲ್ಲಿ ಕೂತವರಿಗೆ 630 ಎಎಂ ಎಂದೂ ಸಿಕ್ಕುತ್ತಿರಲಿಲ್ಲ, ಯೂಟ್ಯೂಬ್ ಸಿಕ್ಕಿತು. ನೋಲಿ ದೆ ಕಾಸ್ಟ್ರೊ ಅವರಂಥ ಹಳೆಯ ದನಿ ಮುಂದುವರಿಯಿತು. 2004ರಿಂದ 2010ರವರೆಗೆ ದೇಶದ ಉಪಾಧ್ಯಕ್ಷರಾಗಿದ್ದು, ಮತ್ತೆ ಮೈಕ್‌ಗೆ ಮರಳಿದವರು ಅವರು.

ಎಲ್ಲ ದನಿಗಳೂ ಉಳಿಯಲಿಲ್ಲ. ಡಯಲ್‌ನಲ್ಲಿ 630ರ ಒಂದು ಕಡೆ 594, ಅದು ಜಿಎಂಎ ಸಂಸ್ಥೆಯ ಡಿಝಡ್‌ಬಿಬಿ. ಇನ್ನೊಂದು ಕಡೆ 666, ದೇಶದ ಬಹಳ ಹಳೆಯ ರೇಡಿಯೊಗಳಲ್ಲಿ ಒಂದಾದ ಡಿಝಡ್‌ಆರ್‌ಎಚ್. ಇಬ್ಬರೂ ದಶಕಗಳ ಪೈಪೋಟಿದಾರರು. 630ರಲ್ಲಿ ಬರೀ ಸೊರ್ರೆನ್ನುವ ಸದ್ದು ಬಂದಾಗ ಕೇಳುಗ ಗುಂಡಿಯನ್ನು ಚೂರು ತಿರುಗಿಸಿದರೆ ಸಾಕು, ಪಕ್ಕದವರು ಕಾಯುತ್ತಿದ್ದಾರೆ. ಜೋಡಿ ನಿರೂಪಕರಾಗಿದ್ದ ಆ್ಯಂಥನಿ ತಬೆರ್ನಾ, ಗೆರಿ ಬಾಹಾ ಡಿಝಡ್‌ಆರ್‌ಎಚ್‌ಗೆ ಹೋದರು. ಇನ್ನೊಬ್ಬ ನಿರೂಪಕ ಟೆಡ್ ಫೇಲನ್ ಆಗಸ್ಟ್ ಕೊನೆಗೆ ಬಿಟ್ಟು, ಅಕ್ಟೋಬರ್‌ನಲ್ಲಿ 92.3 ಎಫ್‌ಎಂನ ರೇಡಿಯೊ5 ಸೇರಿದರು. ಅಲ್ಲಿ ಅವರ ಜೊತೆ ಕೂತವರು ಎಂಒಆರ್‌ನಿಂದ ಬಂದ ಡಿಜೆ ಚಾಚಾ. ನನಗೆ ಇದು ಬಹಳ ಹೇಳುತ್ತದೆ. ದೊಡ್ಡ ನಿರೂಪಕರ ಕೈಯಲ್ಲಿ ಫೇಸ್‌ಬುಕ್, ಯೂಟ್ಯೂಬ್ ಹೇಗೂ ಇದ್ದವು. ಆದರೂ ಅವರು ಹುಡುಕಿಕೊಂಡು ಹೋದದ್ದು ಟ್ರಾನ್ಸ್‌ಮಿಟರ್ ಇರುವ ಜಾಗವನ್ನು.

ಎಂಒಆರ್: ಹಾಡು, ಪತ್ರ, ಊರಿನ ಮಾತು

ಎಫ್‌ಎಂ ಸರಣಿಯ ಕಥೆ ಬೇರೆ ದಾರಿ ಹಿಡಿಯಿತು. ನನ್ನ ಪ್ರಕಾರ ಈ ಪ್ರಕರಣದ ದೊಡ್ಡ ನಷ್ಟ ಇಲ್ಲಿದೆ, ಜನ ಇದರ ಬಗ್ಗೆ ಮಾತಾಡಿದ್ದು ಮಾತ್ರ ಕಡಿಮೆ.

ಎಂಒಆರ್‌ನ ಪ್ರಾಂತ್ಯದ ಸ್ಟೇಷನ್‌ಗಳು ಆಯಾ ಊರಿನ ಭಾಷೆಯಲ್ಲಿ ಮಾತಾಡುತ್ತಿದ್ದವು. ಸೆಬುದಲ್ಲಿ ಸೆಬುವಾನೊ, ಇಲೊಯ್ಲೊದಲ್ಲಿ ಹಿಲಿಗೈನಾನ್, ನಾಗಾದಲ್ಲಿ ಬಿಕೊಲ್, ಝಾಂಬೊವಾಂಗಾದಲ್ಲಿ ಸ್ಪ್ಯಾನಿಷ್ ಬೆರೆತ ಚವಕಾನೊ. ಡಿಜೆಗಳು ಆ ಊರಿನ ಹುಡುಗ ಹುಡುಗಿಯರು. ಮಾರುಕಟ್ಟೆಯ ಹೆಸರು ಹೇಳಿ ತಮಾಷೆ ಮಾಡುತ್ತಿದ್ದರು, ಊರ ಹಬ್ಬಕ್ಕೆ ಹೋಗಿ ವೇದಿಕೆ ಹತ್ತುತ್ತಿದ್ದರು. ಮಂಗಳೂರಿನಲ್ಲಿ ತುಳು, ಕಲಬುರಗಿಯಲ್ಲಿ ಅಲ್ಲಿಯದೇ ಕನ್ನಡ ರೇಡಿಯೊದಲ್ಲಿ ಕೇಳಿಸಿದಾಗ ನಮಗೆ ಏನನ್ನಿಸುತ್ತದೋ ಅವರಿಗೂ ಅದೇ ಅಲ್ವಾ.

2020ರ ಆಗಸ್ಟ್ ಕೊನೆಗೆ ಸಂಸ್ಥೆ ಸಾವಿರಾರು ಜನರನ್ನು ಕೆಲಸದಿಂದ ತೆಗೆಯಿತು. ಪ್ರಾಂತ್ಯದ ಟಿವಿ ಸುದ್ದಿಗಳು ನಿಂತವು, ಪ್ರಾಂತ್ಯದ ಎಂಒಆರ್ ತಂಡಗಳೂ ಮುಗಿದವು. ಸೆಪ್ಟೆಂಬರ್‌ನಿಂದ ಉಳಿದದ್ದು ಎಂಒಆರ್ ಎಂಟರ್‌ಟೈನ್‌ಮೆಂಟ್ ಎಂಬ ಒಂದೇ ಆನ್‌ಲೈನ್ ರೇಡಿಯೊ. ಅದು ಮನಿಲಾದ್ದು, ಅದರ ಮಾತು ಟ್ಯಾಗಲಾಗ್. ಇಂಟರ್ನೆಟ್‌ಗೆ ಊರು ಕೇರಿ ಇಲ್ಲ, ಸರಿ. ಆದರೆ ಜಾಹೀರಾತಿನ ಲೆಕ್ಕ ಹಾಕುವಾಗ ಹದಿನೇಳು ಹದಿನೆಂಟು ಪುಟ್ಟ ಪೇಜ್‌ಗಳಿಗಿಂತ ಒಂದು ದೊಡ್ಡ ಪೇಜ್ ಲಾಭ. ತರಂಗಾಂತರ ಇದ್ದಾಗ ಪ್ರತಿ ಊರಿಗೂ ಒಂದು ಟವರ್ ಬೇಕಿತ್ತು, ಹಾಗಾಗಿ ಪ್ರತಿ ಊರಿಗೂ ಒಂದು ದನಿ ಇತ್ತು. ಟವರ್‌ನ ಅಗತ್ಯ ಹೋದ ಕೂಡಲೇ ಆ ದನಿಗಳಿಗೆ ಸಂಬಳ ಕೊಡುವ ಕಾರಣವೂ ಹೋಯಿತು.

ಹಾಡಿನ ಕಥೆಯೂ ಇದೆ. ಎಫ್‌ಎಂ ರೇಡಿಯೊ ಹಾಡು ಹಾಕಲು ಮಾಡಿಕೊಂಡ ಹಕ್ಕಿನ ಒಪ್ಪಂದ ಫೇಸ್‌ಬುಕ್ ಲೈವ್‌ಗೆ ನಡೆಯುವುದಿಲ್ಲ. ಅಲ್ಲಿ ಬೇರೆಯವರ ಹಾಡು ಹಾಕಿದರೆ ಯಂತ್ರವೇ ಗುರುತಿಸಿ ದನಿ ಮುಚ್ಚುತ್ತದೆ, ಇಲ್ಲವೇ ಪ್ರಸಾರವನ್ನೇ ನಿಲ್ಲಿಸುತ್ತದೆ. ಆದ್ದರಿಂದ ಆನ್‌ಲೈನ್‌ಗೆ ಹೋದ ಯಾವ ಹಾಡಿನ ರೇಡಿಯೊ ಆದರೂ ನಿಧಾನಕ್ಕೆ ಮಾತಿನ ರೇಡಿಯೊ ಆಗುತ್ತದೆ. ಎಬಿಎಸ್-ಸಿಬಿಎನ್‌ಗೆ ಸ್ಟಾರ್ ಮ್ಯೂಸಿಕ್ ಎಂಬ ಸ್ವಂತ ಕಂಪನಿ ಇದ್ದದ್ದು ಒಂದು ಆಸರೆ. ಅದಕ್ಕಿಂತ ದೊಡ್ಡ ಆಸರೆ 'ಡಿಯರ್ ಎಂಒಆರ್'. ಕೇಳುಗರು ತಮ್ಮ ಪ್ರೇಮ, ಮೋಸ, ಮನೆಯ ಕಷ್ಟಗಳನ್ನು ಬರೆದು ಕಳಿಸುತ್ತಾರೆ, ಅದನ್ನು ಧ್ವನಿ ನಾಟಕವಾಗಿ ಆಡುತ್ತಾರೆ. ಇದಕ್ಕೆ ಹಕ್ಕಿನ ಕಾಟ ಇಲ್ಲ. ಪಾಡ್‌ಕಾಸ್ಟ್ ಆಗಿಯೂ ಚೆನ್ನಾಗಿ ಕೂರುತ್ತದೆ. ರಾತ್ರಿ ಕೇಳುತ್ತಿದ್ದುದನ್ನು ಈಗ ಬಸ್ಸಿನಲ್ಲೂ ಕೇಳಬಹುದು. ಆನ್‌ಲೈನ್‌ನಲ್ಲಿ ನಿಜವಾಗಿ ಗೆದ್ದ ಭಾಗ ಯಾವುದು ಎಂದರೆ ನಾನು ಇದನ್ನೇ ತೋರಿಸುತ್ತೇನೆ.

ನೀರು ಬಂದ ರಾತ್ರಿ

2020ರ ಜನವರಿ 12ರಂದು ತಾಲ್ ಜ್ವಾಲಾಮುಖಿ ಸಿಡಿದಾಗ ಈ ಜಾಲ ಇನ್ನೂ ಪ್ರಸಾರದಲ್ಲಿತ್ತು. ನವೆಂಬರ್ 1ಕ್ಕೆ ರೋಲಿ ಚಂಡಮಾರುತ ಕಟಂಡುವಾನೆಸ್ ಮತ್ತು ಬಿಕೊಲ್ ಪ್ರದೇಶಕ್ಕೆ ಅಪ್ಪಳಿಸಿದಾಗ ಇರಲಿಲ್ಲ. ಅದರ ಹಿಂದೆಯೇ ಉಲಿಸೆಸ್ ಎಂಬ ಇನ್ನೊಂದು ಚಂಡಮಾರುತ ಬಂತು. ಮನಿಲಾ ಪಕ್ಕದ ಮರಿಕಿನಾ ಮುಳುಗಿತು. ಮಗತ್ ಅಣೆಕಟ್ಟಿನ ಗೇಟ್ ತೆಗೆದ ಮೇಲೆ ಕಗಾಯಾನ್ ಕಣಿವೆಯಲ್ಲಿ ಜನ ಕತ್ತಲಲ್ಲಿ ಮನೆಯ ಮಾಡು ಹತ್ತಿ ಕೂತರು. ಸಹಾಯ ಕೇಳಿದ ಪೋಸ್ಟ್‌ಗಳು ಸಾಮಾಜಿಕ ಜಾಲತಾಣದಲ್ಲಿ ತುಂಬಿಹೋದವು. ಇದನ್ನು ಮರೆಯಬಾರದು. ಆ ರಾತ್ರಿ ಫೋನ್ ಇದ್ದವರ ಕೂಗು ಹೊರಗೆ ಕೇಳಿಸಿದ್ದು ಇಂಟರ್ನೆಟ್‌ನಿಂದಲೇ.

ಆಮೇಲೆ ದೇಶದಲ್ಲಿ ದೊಡ್ಡ ಚರ್ಚೆ ಆಯಿತು. ಪ್ರಾಂತ್ಯದ ಸುದ್ದಿಮನೆಗಳು ಮುಚ್ಚದೇ ಇದ್ದಿದ್ದರೆ ಎಚ್ಚರಿಕೆ ಇನ್ನೂ ಮೊದಲು ತಲುಪುತ್ತಿತ್ತೇ ಎಂದು. ಒಂದು ಜಾಲ ಇದ್ದಿದ್ದರೆ ಎಲ್ಲ ಸರಿಯಾಗುತ್ತಿತ್ತು ಎಂದು ನಾನು ಹೇಳಲಾರೆ. ನೀರು ಬಿಡುವ ಮುನ್ನ ಜನರಿಗೆ ತಿಳಿಸುವುದು ಸರ್ಕಾರದ ಹೊಣೆ. ಆದರೆ ರೇಡಿಯೊ ಕೆಲಸ ಮಾಡುವ ರೀತಿ ನೋಡಿ. ಡಿಝಡ್‌ಎಂಎಂನ 50 ಕಿಲೋವ್ಯಾಟ್ ಟ್ರಾನ್ಸ್‌ಮಿಟರ್ ಇದ್ದದ್ದು ಬುಲಕಾನ್ ಪ್ರಾಂತ್ಯದ ಒಬಾಂಡೊದಲ್ಲಿ, ಸಮುದ್ರದ ಪಕ್ಕದ ಮೀನಿನ ಕೊಳಗಳ ಊರು ಅದು. ಉಪ್ಪುನೀರಿನ ತೇವ ಇರುವ ನೆಲದಲ್ಲಿ ಎಎಂ ರೇಡಿಯೊದ ಮಧ್ಯಮ ತರಂಗ ಚೆನ್ನಾಗಿ ಹರಿಯುತ್ತದೆ. ಒಂದು ಟವರ್ ನಿಂತಿದ್ದರೆ, ಎರಡು ಸೆಲ್ ಹಾಕಿದ ಪುಟ್ಟ ರೇಡಿಯೊ ಇದ್ದರೆ, ಕರೆಂಟ್ ಹೋದರೂ ಮಾತು ಬರುತ್ತದೆ. ಎಷ್ಟು ಜನ ಕೇಳಿದರೂ ಸಿಗ್ನಲ್ ಭಾರವಾಗಲ್ಲ. ಮೊಬೈಲ್ ಹಾಗಲ್ಲ. ಊರಿನ ಟವರ್‌ಗೆ ಕರೆಂಟ್ ಹೋಗುತ್ತದೆ, ಫೋನಿನ ಚಾರ್ಜ್ ಮುಗಿಯುತ್ತದೆ, ಎಲ್ಲರೂ ಒಟ್ಟಿಗೆ ನೋಡಿದರೆ ವಿಡಿಯೊ ನಿಂತುಹೋಗುತ್ತದೆ. 2013ರ ನವೆಂಬರ್ 8ರ ಯೊಲಾಂಡಾ ಚಂಡಮಾರುತದ ಮೇಲೆ ತಕ್ಲೊಬಾನ್‌ನಲ್ಲಿ ಫೋನ್ ಸತ್ತಾಗ, ನೆರವಿನ ಸಂಘಟನೆಯವರು ಕೈಯಲ್ಲಿ ಹೊತ್ತು ತಂದ ಚಿಕ್ಕ ಸಲಕರಣೆಯಿಂದ ಎಫ್‌ಎಂ ನಡೆಸಿ ಮಾಹಿತಿ ಕೊಟ್ಟಿದ್ದರು.

ದುಡ್ಡಿನ ಮಾತೂ ಇದೆ. ಫಿಲಿಪ್ಪೀನ್ಸ್‌ನಲ್ಲಿ ಬಹಳ ಜನ ಮೊಬೈಲ್ ಡೇಟಾವನ್ನು ತಿಂಗಳ ಲೆಕ್ಕದಲ್ಲಿ ತಗೊಳಲ್ಲ. ಬೀದಿಯ ಸರಿ-ಸರಿ ಅಂಗಡಿಯಲ್ಲಿ, ಅಂದರೆ ನಮ್ಮ ಗೂಡಂಗಡಿಯಂಥ ಕಡೆ, ಒಂದೆರಡು ದಿನಕ್ಕಾಗುವಷ್ಟು ಲೋಡ್ ಹಾಕಿಸುತ್ತಾರೆ. ಜೀಪ್ನಿ, ಅಂದರೆ ಅಲ್ಲಿನ ಬಾಡಿಗೆ ಜೀಪು, ಓಡಿಸುವ ಚಾಲಕ ದಿನಕ್ಕೆ ಹತ್ತು ಗಂಟೆ ರೇಡಿಯೊ ಹಾಕಿಕೊಂಡು ಗಾಡಿ ಓಡಿಸಬಹುದು. ಹತ್ತು ಗಂಟೆ ಯೂಟ್ಯೂಬ್ ಹಾಕಿಕೊಂಡರೆ ಅವನ ದುಡಿಮೆ ಡೇಟಾಗೇ ಹೋಗುತ್ತದೆ.

ವಾಪಸ್ ದಾರಿ

ಟೆಲಿರೇಡಿಯೊ ನೋಡುಗರನ್ನು ಗಳಿಸಿತು, ಹಣ ಗಳಿಸಲಿಲ್ಲ. ರೇಡಿಯೊದ ಜಾಹೀರಾತಿನವನಿಗೆ ಬೇಕಾದ್ದು ಮನಿಲಾ ಸುತ್ತಲಿನ ಮನೆ, ಅಂಗಡಿ, ಗಾಡಿಗಳ ಕಿವಿ. ಆನ್‌ಲೈನ್‌ನಲ್ಲಿ ಜಾಹೀರಾತಿನ ಹಣದಲ್ಲಿ ಒಂದು ಪಾಲು ವೇದಿಕೆಗೇ ಹೋಗುತ್ತದೆ, ದರವನ್ನೂ ವೇದಿಕೆಯೇ ಇಡುತ್ತದೆ. ಇತ್ತ 24 ಗಂಟೆಯ ಸುದ್ದಿಮನೆಯ ಖರ್ಚು ಹಾಗೇ ಇರುತ್ತದೆ. 2020ರಿಂದ ನಷ್ಟ ಆಗುತ್ತಲೇ ಇದೆ, ಆದ್ದರಿಂದ 2023ರ ಜೂನ್ 30ಕ್ಕೆ ಟೆಲಿರೇಡಿಯೊ ನಿಲ್ಲಿಸುತ್ತೇವೆ ಎಂದು ಸಂಸ್ಥೆ ಆ ಮೇ ತಿಂಗಳಲ್ಲಿ ಪ್ರಕಟಿಸಿತು.

ನಿಂತ ದಿನವೇ ಅದರ ಜಾಗಕ್ಕೆ ಟೆಲಿರೇಡಿಯೊ ಸೆರ್ಬಿಸ್ಯೊ ಬಂತು, ಮತ್ತು 630ರಲ್ಲಿ ಮೂರು ವರ್ಷದ ನಂತರ ಮನುಷ್ಯರ ದನಿ ಕೇಳಿಸಿತು. ಹೆಸರು ರೇಡಿಯೊ 630, ಕರೆಹೆಸರು ಡಿಡಬ್ಲ್ಯುಪಿಎಂ. ಎಬಿಎಸ್-ಸಿಬಿಎನ್ ಮತ್ತು ಪ್ರೈಮ್ ಮೀಡಿಯಾ ಹೋಲ್ಡಿಂಗ್ಸ್ ಸೇರಿ ಮಾಡಿದ ಜಂಟಿ ಕಂಪನಿ ಕಾರ್ಯಕ್ರಮ ತಯಾರಿಸುತ್ತದೆ. ತರಂಗಾಂತರದ ಹಕ್ಕು ಇರುವುದು ಫಿಲಿಪ್ಪೀನ್ ಕಲೆಕ್ಟಿವ್ ಮೀಡಿಯಾ ಕಾರ್ಪೊರೇಷನ್ ಎಂಬ ಬೇರೊಂದು ಕಂಪನಿಗೆ. 2025ರ ಮೇ ಕೊನೆಯಲ್ಲಿ ಡಿಝಡ್‌ಎಂಎಂ ಎಂಬ ಹೆಸರೂ ಮರಳಿತು. ಎಎಂ, ಕೇಬಲ್, ಯೂಟ್ಯೂಬ್ ಮೂರರಲ್ಲೂ ಈಗ ಒಂದೇ ಸ್ಟುಡಿಯೊದ ಮಾತು ಹೋಗುತ್ತದೆ. ಆನ್‌ಲೈನ್ ವರ್ಷಗಳಲ್ಲಿ ಗಳಿಸಿದ ನೋಡುಗರನ್ನೂ ಬಿಟ್ಟುಕೊಟ್ಟಿಲ್ಲ.

ಇದನ್ನು ನಾನು ಪೂರ್ತಿ ಗೆಲುವು ಎಂದು ಕರೆಯುವುದಿಲ್ಲ. ಬಂದ್ ಆಗುವ ಮುಂಚಿನ ಡಿಝಡ್‌ಎಂಎಂ ತನ್ನ ಸಂಸ್ಥೆಯದೇ ಫ್ರಾಂಚೈಸ್‌ನ ಮೇಲೆ ನಿಂತಿತ್ತು. ಈಗಿನದು ಪಾಲುದಾರರ ಒಪ್ಪಂದದ ಮೇಲೆ ನಿಂತಿದೆ. ಒಪ್ಪಂದ ಮುರಿದರೆ 630 ಕೈತಪ್ಪುತ್ತದೆ, ಯೂಟ್ಯೂಬ್ ಉಳಿಯುತ್ತದೆ. ಯೂಟ್ಯೂಬ್ ತನ್ನ ನಿಯಮ ಬದಲಿಸಿದರೆ ಅದಕ್ಕೂ ಹೊಡೆತ ಬೀಳುತ್ತದೆ. ಎರಡೂ ಕಡೆ ಕೀಲಿ ಬೇರೆಯವರ ಕೈಯಲ್ಲಿದೆ. ಕೆಲಸ ಕಳೆದುಕೊಂಡ ಪ್ರಾಂತ್ಯದ ಡಿಜೆಗಳಲ್ಲಿ ಕೆಲವರು ಬೇರೆ ಎಫ್‌ಎಂ ಸೇರಿದರು, ಕೆಲವರು ರೇಡಿಯೊವನ್ನೇ ಬಿಟ್ಟರು. 630 ಮರಳಿದ ಒಪ್ಪಂದದಲ್ಲಿ ಅವರ ಸ್ಟೇಷನ್‌ಗಳಿಗೆ ಜಾಗ ಇರಲಿಲ್ಲ.